ಮುನಿಯಕ್ಕನ ಲಾರಿಗೆ ಒಂದೂಮುಕ್ಕಾಲು ಜಿಬಿ ಜಾಗ ಕೋರಿ

ದಿನಾಂಕ: 28-10-2025

ಇಂದ:
ವೇಣು ಪಿ., ಬಿ.ಕಾಂ. (ಸಂಜೆ ಕಾಲೇಜು)
ಕಚೇರಿ ಸಹಾಯಕ ಹಾಗೂ ಆಟದ ಕೋಣೆ ಉಸ್ತುವಾರಿ (ಹೆಚ್ಚುವರಿ ಹೊಣೆ)
ಹೊಂಗೆನೆರಳು ಅಪಾರ್ಟ್‌ಮೆಂಟ್ ಮಾಲೀಕರ ಸಂಘ
ವಾಸ: ಚಿಕ್ಕಲಸಂದ್ರ

ಗೆ:
ಮಾನ್ಯ ಅಧ್ಯಕ್ಷರು ಹಾಗೂ ಕಾರ್ಯಕಾರಿ ಸಮಿತಿಯ ಸದಸ್ಯರು
ಹೊಂಗೆನೆರಳು ಅಪಾರ್ಟ್‌ಮೆಂಟ್ ಮಾಲೀಕರ ಸಂಘ
ಜೆ.ಪಿ. ನಗರ, ಬೆಂಗಳೂರು

ವಿಷಯ: ಆಟದ ಕೋಣೆಯ ಹಳೆಯ ಗೇಮ್ ಕನ್ಸೋಲ್‌ನಲ್ಲಿ ಲಾರಿ ಆಟವನ್ನು ಮತ್ತೆ ಹಾಕಲು ಒಂದೂಮುಕ್ಕಾಲು ಜಿಬಿ ಜಾಗ ಮಂಜೂರು ಮಾಡುವ ಹಾಗೂ ‘ಮುನಿ’ ಎಂಬ ಹೆಸರಿನ ಖಾತೆಯನ್ನು ಅಳಿಸದೆ ಉಳಿಸುವ ಕುರಿತು.

ಉಲ್ಲೇಖ:
1. ಮಾನ್ಯ ಕಾರ್ಯದರ್ಶಿಯವರ ವಾಟ್ಸಾಪ್ ಸಂದೇಶ, ದಿ. 17-10-2025, ಬೆಳಿಗ್ಗೆ 7.12.
2. ಮಾನ್ಯ ಅಧ್ಯಕ್ಷರು ಲಿಫ್ಟಿನಲ್ಲಿ, ನೆಲಮಹಡಿಯಿಂದ ನಾಲ್ಕನೇ ಮಹಡಿಯವರೆಗೆ, ನೀಡಿದ ಮೌಖಿಕ ಸೂಚನೆ.
3. ಮಾನ್ಯ ಕಾರ್ಯದರ್ಶಿಯವರ ಇನ್ನೊಂದು ಸಂದೇಶ, ದಿ. 27-10-2025, ಮತ್ತು ಅದಕ್ಕೆ ಸಮಿತಿಯ ನಾಲ್ವರು ಸದಸ್ಯರು ಒತ್ತಿದ ಹೆಬ್ಬೆರಳಿನ ಚಿಹ್ನೆಗಳು.

ಮಾನ್ಯರೇ,

ಅರ್ಜಿಯಲ್ಲಿ ‘ನಾನು’ ಎಂದು ಬರೆದರೆ ಅಹಂಕಾರ ಕಾಣುತ್ತದೆ, ‘ಅರ್ಜಿದಾರ’ ಎಂದರೆ ವಿನಯ ಕಾಣುತ್ತದೆ ಎಂದು ಸಂಜೆ ಕಾಲೇಜಿನಲ್ಲಿ ಪತ್ರವ್ಯವಹಾರದ ಪಾಠ ಮಾಡುತ್ತಿದ್ದ ಕರಿಬಸವಯ್ಯ ಮೇಷ್ಟ್ರು ಹೇಳಿಕೊಟ್ಟಿದ್ದರು. ಆ ತರಗತಿಯಲ್ಲಿ ಅರ್ಧ ಜನ ಕೆಲಸದ ಸುಸ್ತಿಗೆ ನಿದ್ದೆ ಮಾಡುತ್ತಿದ್ದರು. ಅರ್ಜಿದಾರನು ಎಚ್ಚರವಾಗಿದ್ದನು. ಆದ್ದರಿಂದ ಕೆಳಗಿನ ಸಂಗತಿಗಳನ್ನು ಅದೇ ಕ್ರಮದಲ್ಲಿ ನಿವೇದಿಸಿಕೊಳ್ಳುತ್ತಿದ್ದಾನೆ. ಇದು ನಾಲ್ಕನೇ ಕರಡು. ಮೊದಲ ಮೂರರಲ್ಲಿ ಕ್ಷಮೆಯೇ ಹೆಚ್ಚಾಗಿ, ವಿಷಯಕ್ಕೆ ಜಾಗ ಸಾಲಲಿಲ್ಲ.

1. ಸದರಿ ಕನ್ಸೋಲ್ ಹತ್ತು ವರ್ಷ ಹಳೆಯದು. ಫ್ಲಾಟ್ 302ರವರು ಹೊಸದನ್ನು ಕೊಂಡಾಗ ಇದನ್ನು ಸಂಘಕ್ಕೆ ದಾನ ಮಾಡಿದರು. ಫ್ಯಾನಿನ ಸದ್ದು ಮಿಕ್ಸಿಯಷ್ಟಿದ್ದರೂ ಯಂತ್ರ ಸುಸ್ಥಿತಿಯಲ್ಲಿದೆ. ಡಬ್ಬದ ಮೇಲೆ ಐನೂರು ಜಿಬಿ ಎಂದು ಮುದ್ರಿಸಲಾಗಿದೆ. ಒಳಗೆ ನೋಡಿದರೆ ಬಳಕೆಗೆ ಸಿಗುವುದು ನಾನೂರ ಎಂಟು. ಇದನ್ನು ಅರ್ಜಿದಾರನು ವರದಿ ಮಾಡಿದಾಗ ಉಳಿದ ತೊಂಬತ್ತೆರಡು ಎಲ್ಲಿ ಹೋಯಿತು ಎಂದು ಅವನಿಂದಲೇ ಲಿಖಿತ ವಿವರಣೆ ಕೇಳಲಾಗಿತ್ತು. ಸಾವಿರದ ಇನ್ನೂರು ಚದರಡಿ ಎಂದು ಕೊಂಡ ಫ್ಲಾಟಿನಲ್ಲಿ ಮಂಚ ಹಾಕಲು ಸಿಗುವುದು ಒಂಬೈನೂರೇ, ಉಳಿದದ್ದು ಮೆಟ್ಟಿಲು, ಲಿಫ್ಟು, ಗೋಡೆಯ ದಪ್ಪದಲ್ಲಿ ಹೋಗುತ್ತದೆ, ಇದೂ ಹಾಗೆಯೇ ಎಂದು ಅವನು ಬರೆದುಕೊಟ್ಟ ಮೇಲೆ ಎಲ್ಲ ಸದಸ್ಯರಿಗೂ ಒಮ್ಮೆಲೇ ಅರ್ಥವಾಯಿತು.

2. ಡಿಸ್ಕ್ ಹಾಕಿ ಆಡುವ ಆಟಕ್ಕೆ ಒಳಗೆ ಜಾಗ ಏಕೆ ಬೇಕು ಎಂಬುದು ಮಾನ್ಯ ಅಧ್ಯಕ್ಷರಾದ ಸೀನು ಸಾರ್ ಅವರ ಬಹುಕಾಲದ ಪ್ರಶ್ನೆ.

“ಸಿಡಿ ಕೈಯಲ್ಲೇ ಇದೆಯಲ್ರೀ ವೇಣು, ಮತ್ತೆ ಒಳಗೆ ಯಾಕೆ ತುಂಬ್ಕೊಳತ್ತೆ ಅದು?”

“ಸಾರ್, ಡಿಸ್ಕಿಂದ ಪೂರ್ತಿ ಒಳಗೆ ಕಾಪಿ ಆಗತ್ತೆ. ಕಾಪಿ ಆದ್ಮೇಲೂ ಆಡೋವಾಗ ಡಿಸ್ಕ್ ಹಾಕಿರ್ಲೇಬೇಕು.”

“ಅದೇನ್ರೀ ಇದು, ಕೋಣೆ ಒಳಗೆ ಕೂತ್ಕೊಂಡು ಬಾಗಿಲಲ್ಲೂ ನಿಂತಿರೋ ಹಾಗೆ!”

ಮಾನ್ಯರ ಹೋಲಿಕೆಗಿಂತ ಸರಿಯಾದ ವಿವರಣೆ ಅರ್ಜಿದಾರನಿಗೆ ಇಂದಿಗೂ ಸಿಕ್ಕಿಲ್ಲ. ಅಪ್‌ಡೇಟ್ ಬಂದರಂತೂ ಯಂತ್ರವು ಹಳೆಯದನ್ನು ಇಟ್ಟುಕೊಂಡೇ ಪಕ್ಕದಲ್ಲಿ ಹೊಸದನ್ನು ಕಟ್ಟಿ, ಅದು ಮುಗಿದ ಮೇಲಷ್ಟೇ ಹಳೆಯದನ್ನು ಕೆಡವುತ್ತದೆ. ಅಷ್ಟು ಹೊತ್ತು ಒಂದು ಆಟಕ್ಕೆ ಎರಡು ಆಟದ ಜಾಗ ಬೇಕು.

3. ದಿ. 17-10-2025ರಂದು ಇದ್ದ ಸ್ಥಿತಿ ಹೀಗಿದೆ. ಒಂದೇ ಫುಟ್‌ಬಾಲ್ ಆಟದ ಮೂರು ಬೇರೆ ಬೇರೆ ವರ್ಷದ ಪ್ರತಿಗಳು, ಒಟ್ಟು 137 ಜಿಬಿ. (ಆಟಗಾರರು ಬಹುಪಾಲು ಅವರೇ, ತಲೆಗೂದಲು ಮಾತ್ರ ಬೇರೆ. ಮೂರೂ ಬೇರೆ ಬೇರೆ ಫ್ಲಾಟಿನವಾದ್ದರಿಂದ ಯಾವುದನ್ನೂ ಮುಟ್ಟುವಂತಿಲ್ಲ.) ಬಂದೂಕಿನ ಆಟ 104. ಕಾರ್ ರೇಸು 61. ಅಧ್ಯಕ್ಷರ ಮೊಮ್ಮಗನ ಕ್ರಿಕೆಟ್ 38. ಹಾಡುವ ಆಟ 27. ‘ಇತರೆ’ 32. ಈ ಇತರೆ ಎಂದರೆ ಏನೆಂದು ಯಂತ್ರವೂ ಹೇಳುವುದಿಲ್ಲ. ಅರ್ಜಿದಾರನು ಲೆಕ್ಕಪತ್ರ ಓದಿದವನಾದ್ದರಿಂದ ಕೇಳುವುದೂ ಇಲ್ಲ. ಕೊನೆಯದಾಗಿ ಲಾರಿ ಆಟ, ಒಂದೂಮುಕ್ಕಾಲು. ಖಾಲಿ ಉಳಿದಿದ್ದು ಏಳೂಕಾಲು.

4. ಈ ಲಾರಿ ಆಟದ ಡಿಸ್ಕ್ ಕನ್ಸೋಲ್ ಜೊತೆಗೇ ಬಂದದ್ದು, ಈಗ ಯಾವ ಫ್ಲಾಟಿನದೂ ಅಲ್ಲ. ಘಾಟಿ ರಸ್ತೆಯಲ್ಲಿ ಸರಕು ಚೆಲ್ಲದಂತೆ ಲಾರಿ ಓಡಿಸಬೇಕು. ಮೊದಲು ಮೂಟೆ, ಆಮೇಲೆ ಟೊಮೆಟೊ, ಆಮೇಲೆ ಹಾಲಿನ ಕ್ಯಾನು, ನಲವತ್ತೇಳನೇ ದಾರಿಯಿಂದ ಮೊಟ್ಟೆ. ಒಟ್ಟು ಅರವತ್ತು ದಾರಿ, ಒಂದೊಂದಕ್ಕೆ ಮೂರು ಚುಕ್ಕೆ. ಗುಂಡು ಹಾರುವುದಿಲ್ಲವಾದ್ದರಿಂದ ನಮ್ಮ ಮಕ್ಕಳಲ್ಲಿ ಬಹುತೇಕರು ಅದನ್ನು ತಿರುಗಿ ನೋಡಿರಲಿಲ್ಲ.

5. ಈಗ ಅರ್ಜಿದಾರನ ಮೊದಲನೇ ತಪ್ಪು. ಪ್ರತಿದಿನ ಮಧ್ಯಾಹ್ನ, ಮಕ್ಕಳು ಶಾಲೆಯಲ್ಲಿರುವಾಗ, ಯಂತ್ರವನ್ನು ಚಾಲನೆ ಮಾಡಿ ನೋಡಿ ಪುಸ್ತಕದಲ್ಲಿ ಸಹಿ ಮಾಡಬೇಕೆಂದು ನಿಯಮವಿದೆ. ನಿಯಮ ಬರೆದವನು ಅರ್ಜಿದಾರನೇ. ಕಳೆದ ವರ್ಷ ಜುಲೈನಲ್ಲಿ ಎರಡೂ ರಿಮೋಟುಗಳು ಒಟ್ಟಿಗೆ ಕೆಲಸ ಮಾಡುತ್ತವೆಯೇ ಎಂದು ಪರೀಕ್ಷಿಸಬೇಕಾಯಿತು. ಅರ್ಜಿದಾರನಿಗೆ ಇರುವುದು ಎರಡೇ ಕೈ. ಆ ಹೊತ್ತಿಗೆ ಕೋಣೆ ಒರೆಸಲು ಬಂದಿದ್ದ ಹೌಸ್‌ಕೀಪಿಂಗ್‌ನ ಮುನಿಯಕ್ಕನಿಗೆ, “ಅಕ್ಕ, ಇದನ್ನ ಸ್ವಲ್ಪ ಹಿಡ್ಕೊಂಡು ಈ ಗುಂಡಿ ಒತ್ತಿ” ಎಂದನು. ಆಕೆ ಕೈಯನ್ನು ಸೀರೆಗೆ ಒರೆಸಿಕೊಂಡು ಒತ್ತಿದರು. ಲಾರಿ ಹೊರಟಿತು.

ಅರ್ಜಿದಾರನ ಲಾರಿ ಮೊದಲನೇ ತಿರುವಿನಲ್ಲೇ ಮಗುಚಿಕೊಂಡಿತು. ಮುನಿಯಕ್ಕನದು ಮೇಲೆ ಹತ್ತಿತು.

“ಹೆಂಗಕ್ಕ?” ಎಂದು ಕೇಳಿದ್ದಕ್ಕೆ ಆಕೆ ಹೇಳಿದ್ದು: “ಮಿಷನ್ ಪೆಡ್ಲು ಇದ್ದಂಗೇ ಐತಲ್ಲಪ್ಪ ಇದು. ಬೊಮ್ಮನಹಳ್ಳಿ ಗಾರ್ಮೆಂಟ್ಸಾಗೆ ಹತ್ತೊಂಬತ್ತು ವರ್ಷ ಪೆಡ್ಲು ತುಳ್ದಿವ್ನಿ. ಜೋರಾಗಿ ಒತ್ತಿದ್ರೆ ಬಟ್ಟೆ ಸುಕ್ಕಾಗ್ತದೆ, ಬಿಟ್ಬಿಟ್ರೆ ಹೊಲಿಗೆ ತಪ್ತದೆ. ಅರ್ಧ ಒತ್ತಿ ಅಲ್ಲೇ ನಿಲ್ಲಿಸ್ಕೋಬೇಕು. ಅಲ್ಲಿ ಕಾಲು, ಇಲ್ಲಿ ಬೆರಳು, ಅಷ್ಟೇಯ.”

ನಮ್ಮ ಮಕ್ಕಳೆಲ್ಲ ಆ ಗುಂಡಿಯನ್ನು ಕೊನೆಯವರೆಗೆ ಒತ್ತುತ್ತಾರೆ. ಅರ್ಧ ಒತ್ತಬಹುದು ಎಂದು ಅವರಿಗೆ ಯಾರೂ ಹೇಳಿರಲಿಲ್ಲ.

6. ಎರಡನೇ ತಪ್ಪು. ಅತಿಥಿಯಾಗಿ ಆಡಿದರೆ ದಾಟಿದ ದಾರಿಯನ್ನು ಯಂತ್ರ ಉಳಿಸಿಕೊಳ್ಳುವುದಿಲ್ಲ. ನಾಳೆ ಮತ್ತೆ ಮೊದಲಿನಿಂದ. ಆದಕಾರಣ ಅರ್ಜಿದಾರನು ಇಂಗ್ಲಿಷಿನ ನಾಲ್ಕು ಅಕ್ಷರದಲ್ಲಿ ‘ಮುನಿ’ ಎಂದು ಒಂದು ಖಾತೆ ತೆರೆದುಕೊಟ್ಟನು. ತೆರೆಯುವ ಮುನ್ನ ಅನುಮತಿ ಪಡೆಯಬೇಕಿತ್ತು. ಪಡೆಯಲಿಲ್ಲ. ಮುನಿಯಕ್ಕ ತಮ್ಮ ಊಟದ ಬಿಡುವಿನ ಅರ್ಧ ಗಂಟೆಯಲ್ಲಿ ಹದಿನೈದು ನಿಮಿಷ ಉಂಡು, ಹದಿನೈದು ನಿಮಿಷ ಲಾರಿ ಓಡಿಸುತ್ತಿದ್ದರು. ಸಂಘದ ಸಮಯದಲ್ಲಿ ಒಂದು ನಿಮಿಷವೂ ಆಡಿಲ್ಲ. ಅರ್ಜಿದಾರನು ಗಡಿಯಾರ ನೋಡುತ್ತಿದ್ದನು. ಹದಿನೈದು ತಿಂಗಳಲ್ಲಿ ಆಕೆ ಐವತ್ತೊಂಬತ್ತು ದಾರಿ ದಾಟಿದರು, ಪ್ರತಿಯೊಂದಕ್ಕೂ ಮೂರು ಚುಕ್ಕೆ. ಮೊಟ್ಟೆಯೊಂದೂ ಒಡೆದಿಲ್ಲ. ಬಾಕಿ ಇರುವುದು ಅರವತ್ತನೆಯದು ಮಾತ್ರ.

7. ರಾಜ್ಯೋತ್ಸವದ ದಿನ ಆಟದ ಕೋಣೆಯ ಶ್ರೇಷ್ಠ ಆಟಗಾರರಿಗೆ ಕಪ್ ಕೊಡುವುದೆಂದು ಸಮಿತಿ ತೀರ್ಮಾನಿಸಿ, ಅಂಕಪಟ್ಟಿ ತರಿಸಿಕೊಂಡಿತು. ಎಲ್ಲ ಆಟಗಳನ್ನೂ ಸೇರಿಸಿ ನೋಡಿದಾಗ ಮೊದಲ ಹೆಸರು ‘ಮುನಿ’. ದಿ. 13ರ ಸಂಜೆ ಕಚೇರಿಯಲ್ಲಿ ಮಾನ್ಯ ಕಾರ್ಯದರ್ಶಿ ಪಂಕಜಾ ಮೇಡಂ ಅವರಿಗೂ ಅರ್ಜಿದಾರನಿಗೂ ನಡೆದ ಮಾತುಕತೆಯನ್ನು ನೆನಪಿದ್ದಷ್ಟು ಬರೆದಿದೆ. ತಪ್ಪಿದ್ದರೆ ತಿದ್ದಬೇಕು.

“ವೇಣು, ಈ ಮುನಿ ಯಾರ್ರೀ? ಬಿ ಬ್ಲಾಕ್ ಮುನಿರಾಜು ಅವರ ಮೊಮ್ಮಗನಾ? ತುಂಬಾ ಚೂಟಿ ಕಣ್ರೀ ಹುಡುಗ!”

“ಅಲ್ಲ ಮೇಡಂ.”

“ಮತ್ತೆ? ಬೇಗ ಫ್ಲಾಟ್ ನಂಬರ್ ಹೇಳಿ. ಕಪ್ ಮೇಲೆ ಕೆತ್ತಿಸ್ಬೇಕು, ಅಂಗಡಿಯವನು ಲೈನಲ್ಲಿದಾನೆ.”

“ಫ್ಲಾಟ್ ಇಲ್ಲ ಮೇಡಂ.”

“ಬಾಡಿಗೆಯವರಾ?”

“ನಮ್ಮ ಮುನಿಯಕ್ಕ ಮೇಡಂ. ಹೌಸ್‌ಕೀಪಿಂಗು.”

ಮೇಡಂ ಫೋನಿನಲ್ಲಿದ್ದ ಅಂಗಡಿಯವನಿಗೆ “ಆಮೇಲೆ ಮಾಡ್ತೀನಿ” ಎಂದು ಇಟ್ಟರು. ಅಲ್ಲೇ ಪೇಪರ್ ಓದುತ್ತಿದ್ದ ಅಧ್ಯಕ್ಷರು ಹೊಟ್ಟೆ ಕುಲುಕಿಸಿ ನಕ್ಕರು. “ಸಖತ್ತಾಗಿದೆ ಕಣ್ರೀ! ನಮ್ಮ ಮಕ್ಳಿಗೆ ತಿಂಗಳಿಗೆ ಎರಡು ಕೋಚಿಂಗು, ಕಪ್ಪು ಮುನಿಯಕ್ಕಂಗೆ!”

“ನಗೋ ವಿಷಯ ಅಲ್ಲ ಸಾರ್ ಇದು. ಇವತ್ತು ಇದು. ನಾಳೆ ಡ್ರೈವರುಗಳು ಬಂದು ಸ್ವಿಮ್ಮಿಂಗ್ ಪೂಲ್ ಕೇಳ್ತಾರೆ” ಎಂದರು ಮೇಡಂ.

ಹೊಂಗೆನೆರಳಿನಲ್ಲಿ ಸ್ವಿಮ್ಮಿಂಗ್ ಪೂಲ್ ಇಲ್ಲ ಎಂಬುದನ್ನು ಅರ್ಜಿದಾರನು ಆ ಸಮಯದಲ್ಲಿ ಗಮನಕ್ಕೆ ತರಲಿಲ್ಲ. ಈಗ ತರುತ್ತಿದ್ದಾನೆ.

8. ಇದಾದ ನಾಲ್ಕನೇ ದಿನ ಕನ್ಸೋಲ್‌ನಲ್ಲಿ ಜಾಗ ಸಾಲದು ಎಂಬುದು ಸಮಿತಿಯ ಗಮನಕ್ಕೆ ಬಂದಿತು. ಜಾಗ ಸಾಲದೆಂದು ಅರ್ಜಿದಾರನು ಎರಡು ವರ್ಷದಲ್ಲಿ ಆರು ಸಲ ಬರೆದುಕೊಟ್ಟಿದ್ದನು. ಹೊರಗಿನಿಂದ ಒಂದು ಹಾರ್ಡ್‌ಡಿಸ್ಕ್ ಜೋಡಿಸಿದರೆ ಮುಗಿಯುತ್ತದೆ ಎಂದದ್ದಕ್ಕೆ “ಹಳೇ ಗಾಡಿಗೆ ಹೊಸ ಟೈರ್ ಯಾಕ್ರೀ?” ಎಂಬ ಷರಾ ಬಂದಿತ್ತು. ಆದರೆ ಈ ಬಾರಿ ಕ್ರಮ ಬಹಳ ಚುರುಕಾಗಿತ್ತು. ಅಧ್ಯಕ್ಷರ ಮೊಮ್ಮಗನ ಹೊಸ ಕ್ರಿಕೆಟ್ ಆಟಕ್ಕೆ 52 ಜಿಬಿ ಬೇಕು, ಕಾರಣ ಫ್ಲಾಟ್ ಸಂಖ್ಯೆ ನಮೂದಾಗಿಲ್ಲದ ಆಟಗಳನ್ನು ಕೂಡಲೇ ಅಳಿಸತಕ್ಕದ್ದು ಎಂದು ಉಲ್ಲೇಖ ಒಂದರಂತೆ ಆದೇಶವಾಯಿತು. ಪಟ್ಟಿಯಲ್ಲಿ ಫ್ಲಾಟ್ ಸಂಖ್ಯೆಯ ಅಂಕಣ ಖಾಲಿ ಇದ್ದದ್ದು ಒಂದೇ ಆಟಕ್ಕೆ. ಆ ಅಂಕಣವನ್ನು ಗೆರೆ ಎಳೆದು ಮಾಡಿದವನು ಯಾರೆಂದು ಮತ್ತೆ ಹೇಳಬೇಕಾಗಿಲ್ಲ. ಅಚ್ಚುಕಟ್ಟಾಗಿರಲಿ ಎಂದು ಮಾಡಿದ್ದನು.

9. ಮೂರನೇ ತಪ್ಪು. ಅರ್ಜಿದಾರನು ಅಳಿಸಿದನು. ದಿ. 18, ಮಧ್ಯಾಹ್ನ ಹನ್ನೆರಡು ಗಂಟೆ. ‘ಖಚಿತವೇ?’ ಎಂದು ಯಂತ್ರ ಕೇಳಿತು. ಈ ಪ್ರಕರಣದಲ್ಲಿ ಹಾಗೆ ಕೇಳಿದ್ದು ಅದೊಂದೇ. ಅರ್ಜಿದಾರನ ಬೆರಳು ಮೊದಲ ಸಲ ‘ಇಲ್ಲ’ ಎಂಬುದರ ಮೇಲೆ ಬಿತ್ತು. ಅದನ್ನೇ ದೇವರ ಇಚ್ಛೆ ಎಂದು ತಿಳಿದು ಸುಮ್ಮನಾಗಬಹುದಿತ್ತು. ಆದರೆ ಆದೇಶ ಲಿಖಿತವಾಗಿತ್ತು. ಎರಡನೇ ಸಲ ಸರಿಯಾಗಿ ಒತ್ತಿದನು. ಮೂರು ಸೆಕೆಂಡು ಸಾಕಾಯಿತು.

ಫಲಿತಾಂಶ: ಮೊದಲು 44.75 ಜಿಬಿ ಕೊರತೆ ಇತ್ತು. ಈಗ 43 ಜಿಬಿ ಕೊರತೆ ಇದೆ. ಹೊಸ ಕ್ರಿಕೆಟ್ ಆಟ ಇಂದಿಗೂ ಹತ್ತಿಲ್ಲ. ಅಧ್ಯಕ್ಷರು ಲಿಫ್ಟಿನಲ್ಲಿ “ಇನ್ನೊಂದ್ಸಲ ಟ್ರೈ ಮಾಡಿ ನೋಡ್ರೀ, ಹತ್ತತ್ತೆ” ಎಂದು ಸೂಚಿಸಿದ ಮೇರೆಗೆ ಅರ್ಜಿದಾರನು ದಿನಕ್ಕೆ ಒಂದು ಸಲ ಪ್ರಯತ್ನಿಸುತ್ತಿದ್ದಾನೆ. ಯಂತ್ರ ಅದೇ ಉತ್ತರ ಕೊಡುತ್ತಿದೆ.

10. ಮುನಿಯಕ್ಕನಿಗೆ ಸುದ್ದಿ ಹೇಳುವ ಕೆಲಸವನ್ನು ಸಮಿತಿ ಯಾರಿಗೂ ವಹಿಸಿರಲಿಲ್ಲ. ಅರ್ಜಿದಾರನೇ ಹೇಳಿದನು. ಆಕೆ ಬಕೆಟ್ ಕೆಳಗಿಟ್ಟು ಟಿವಿಯ ಕಡೆ ನೋಡಿದರು.

“ಬಿಡು ವೇಣಪ್ಪ. ಅವ್ರ ಟಿವಿ, ಅವ್ರ ಆಟ. ಒರ್ಸೋಕೆ ಬಂದೋಳಿಗೆ ಲಾರಿ ಯಾಕೆ?”

ಎರಡು ಹೆಜ್ಜೆ ಹೋಗಿ ತಿರುಗಿ ಬಂದು ಕೇಳಿದರು: “ಅಲ್ಲ, ನಾನು ಹತ್ತಿದ್ದ ದಾರಿ ಎಲ್ಲಾನೂ ಹೋಯ್ತಾ? ಇನ್ನೊಂದೇ ಇತ್ತು ಕಣಪ್ಪ.”

ಆಗ ಅರ್ಜಿದಾರನಿಗೆ ಹೊಳೆಯಿತು. ಆಟ ಅಳಿಸಿದರೂ ಆಡಿದ್ದು ಅಳಿಯುವುದಿಲ್ಲ. ದಾಟಿದ ದಾರಿಗಳ ಲೆಕ್ಕವನ್ನು ಯಂತ್ರವು ಖಾತೆಯ ಹೆಸರಿನಲ್ಲಿ ಬೇರೆ ಕಡೆ ಇಟ್ಟಿರುತ್ತದೆ. ಹೋಗಿ ನೋಡಿದನು. ಇತ್ತು. ಹನ್ನೊಂದು ಎಂಬಿ. ಸಂಘದ ಗುಂಪಿಗೆ ಸದಸ್ಯರೊಬ್ಬರು ಬೆಳಿಗ್ಗೆ ಕಳಿಸುವ ಶುಭೋದಯದ ವಿಡಿಯೊ ಇದಕ್ಕಿಂತ ದೊಡ್ಡದು. ಡಿಸ್ಕಿನಿಂದ ಆಟವನ್ನು ಮತ್ತೆ ಹಾಕಿದರೆ ಲಾರಿ ಅರವತ್ತನೇ ದಾರಿಯ ಬುಡದಲ್ಲೇ ನಿಂತಿರುತ್ತದೆ.

ಇದನ್ನು ಪಾಲನಾ ವರದಿಯಲ್ಲಿ ಪ್ರಾಮಾಣಿಕವಾಗಿ ಬರೆದದ್ದು ನಾಲ್ಕನೇ ತಪ್ಪು. ಅದನ್ನು ಓದಿದ ಮೇಲೆಯೇ ಉಲ್ಲೇಖ ಮೂರರ ಆದೇಶ ಬಂದದ್ದು: ‘ಮುನಿ’ ಖಾತೆಯನ್ನೂ ಗುರುವಾರ ಸಂಜೆ ಐದರೊಳಗೆ ಅಳಿಸುವುದು. ಖಾತೆ ಹೋದರೆ ಆ ಹನ್ನೊಂದು ಎಂಬಿಯೂ ಹೋಗುತ್ತದೆ. ಮತ್ತೆ ಬರುವುದಿಲ್ಲ.

11. ಈ ಅರ್ಜಿ ಬರೆಯುವ ಮುನ್ನ ಮುನಿಯಕ್ಕನ ಒಪ್ಪಿಗೆ ಕೇಳಲಾಯಿತು. ಆಕೆ ಮೊದಲು ಬೈದರು.

“ಅರ್ಜಿ ಗಿರ್ಜಿ ಅಂದ್ರೆ ನನ್ನ ಕೆಲ್ಸ ಹೋಗ್ತದೆ, ಜೊತೆಗೆ ನಿಂದೂ ಹೋಗ್ತದೆ. ಓದಿದ್ದು ಜಾಸ್ತಿ ಆಯ್ತು ನಿಂಗೆ.”

ಮಾರನೇ ದಿನ ಆಕೆಯೇ ಕಚೇರಿಯ ಬಾಗಿಲಿಗೆ ಬಂದರು. “ಬರಿ ಹೋಗು. ಕಪ್ಪು ಗಿಪ್ಪು ಕೇಳ್ಬೇಡ, ನಾನೇನು ಅದ್ರಾಗೆ ಕಾಪಿ ಕುಡೀಲಾ? ಲಾರಿ ಕೇಳು. ಅದೊಂದು ದಾರಿ ಹತ್ಬಿಟ್ರೆ ಆಮೇಕೆ ಅವ್ರೇ ಇಟ್ಕಳ್ಳಿ.”

ಆದ್ದರಿಂದ ಈ ಅರ್ಜಿಯಲ್ಲಿ ಕಪ್ಪಿನ ಪ್ರಸ್ತಾಪವಿಲ್ಲ.

12. ಆದರೂ ಕಪ್ಪಿನ ವಿಷಯದಲ್ಲಿ ಒಂದು ಆಡಳಿತಾತ್ಮಕ ತೊಡಕು ಇದೆ. ಮೊದಲ ಹೆಸರನ್ನು ಕೈಬಿಟ್ಟಿದ್ದರಿಂದ ಎರಡನೇ ಸ್ಥಾನದ ಫ್ಲಾಟ್ 104ರ ಕುಮಾರಿ ಧೃತಿ ವಿಜೇತಳಾಗಿದ್ದಾಳೆ. ಅವಳು ಹನ್ನೆರಡು ವರ್ಷದವಳು. ಅವಳ ಅಂಕಗಳೂ ಅದೇ ಲಾರಿ ಆಟದವು, ಕಪ್ಪಿನ ಮೇಲೆ ಆ ಆಟದ ಹೆಸರನ್ನೇ ಕೆತ್ತಲಾಗಿದೆ. ಅಂದರೆ ಸಂಘದಲ್ಲಿ ಇಲ್ಲದ ಆಟಕ್ಕೆ ಸಂಘವು ಕಪ್ ಕೊಡುತ್ತಿದೆ. ನಿನ್ನೆ ಸಂಜೆ ಧೃತಿ ಕಚೇರಿಗೆ ಬಂದಿದ್ದಳು.

“ಅಂಕಲ್, ಮುನಿ ಅಂದ್ರೆ ಮುನಿಯಕ್ಕ ಆಂಟಿನಾ? ನಿಜ ಹೇಳಿ.”

ಅರ್ಜಿದಾರನು ಕಡತದ ದಾರವನ್ನು ಬಿಚ್ಚಿ ಮತ್ತೆ ಕಟ್ಟಿದನು.

“ನಾನು ಎಗ್ ಲೆವೆಲಲ್ಲಿ ಎರಡು ತಿಂಗ್ಳಿಂದ ಸ್ಟಕ್ ಅಂಕಲ್. ಅವ್ರು ಹೆಂಗೆ ದಾಟಿದ್ರು? ಪಂಕಜಾ ಆಂಟಿ ನಂಗೆ ಕಪ್ ಕೊಡ್ತಾರಂತೆ. ಎಲ್ರ ಮುಂದೆ ಆಡಿ ತೋರ್ಸು ಅಂದ್ರೆ ಏನ್ ಮಾಡ್ಲಿ?”

ಮುನಿಯಕ್ಕ ಹೊರಗೆ ಕಾರಿಡಾರ್ ಒರೆಸುತ್ತಿದ್ದರು. ತಲೆ ಎತ್ತದೆ, “ಅರ್ಧ ಒತ್ತವ್ವ, ಪೂರ್ತಿ ಒತ್ಬೇಡ” ಎಂದರು. ಧೃತಿ ಹೊರಗೆ ಓಡಿದಳು. ಇಬ್ಬರೂ ಒರೆಸಿದ ನೆಲದ ಮೇಲೆ ನಿಂತು, ರಿಮೋಟೂ ಇಲ್ಲದೆ ಟಿವಿಯೂ ಇಲ್ಲದೆ, ಗಾಳಿಯಲ್ಲಿ ಬೆರಳು ಆಡಿಸುತ್ತ ಹತ್ತು ನಿಮಿಷ ಲಾರಿ ಓಡಿಸಿದರು. ಇದಕ್ಕೆ ಬೇಕಾದ ಜಾಗ ಶೂನ್ಯ ಜಿಬಿ. ಇದರ ವಿರುದ್ಧ ಈವರೆಗೆ ಯಾವ ಸುತ್ತೋಲೆಯೂ ಇಲ್ಲ.

13. ಜಾಗದ ಕೊರತೆಯೇ ನಿಜವಾದ ಕಾರಣವಾಗಿದ್ದಲ್ಲಿ ಅರ್ಜಿದಾರನ ಸಲಹೆಗಳು: (ಅ) ಮೂರು ಫುಟ್‌ಬಾಲ್‌ಗಳಲ್ಲಿ ಅತಿ ಹಳೆಯ ಒಂದನ್ನು ತೆಗೆದರೆ 44 ಜಿಬಿ ಸಿಗುತ್ತದೆ. ಹೊಸ ಕ್ರಿಕೆಟ್ಟೂ ಹತ್ತುತ್ತದೆ. ಲಾರಿಗೆ ಮುಕ್ಕಾಲು ಜಿಬಿ ಮಾತ್ರ ಕಡಿಮೆ ಬೀಳುತ್ತದೆ. (ಆ) ಅದನ್ನೂ ತುಂಬಿಸಲು ಹಾಡುವ ಆಟದ 27 ಜಿಬಿ ಇದೆ. 2022ರ ಯುಗಾದಿಯ ನಂತರ ಅದನ್ನು ಯಾರೂ ತೆರೆದಿಲ್ಲ. ಅದು ಯಾವ ಫ್ಲಾಟಿನದು ಎಂಬುದು ಪಟ್ಟಿಯಲ್ಲಿದೆ. ಮಾನ್ಯ ಕಾರ್ಯದರ್ಶಿಯವರ ಮೇಲಿನ ಗೌರವದಿಂದ ಇಲ್ಲಿ ಬರೆದಿಲ್ಲ.

ಜಾಗದ ಕೊರತೆ ಕಾರಣವಲ್ಲದಿದ್ದಲ್ಲಿ, ಕಾರಣವನ್ನು ಒಂದು ಸಾಲಿನಲ್ಲಿ ಲಿಖಿತವಾಗಿ ತಿಳಿಸಬೇಕು. ಕಡತದಲ್ಲಿ ‘ಕಾರಣ’ ಎಂಬ ಅಂಕಣವನ್ನು ಖಾಲಿ ಬಿಡಲು ಅರ್ಜಿದಾರನಿಗೆ ಅಭ್ಯಾಸವಿಲ್ಲ.

ಆದ್ದರಿಂದ, ಮೇಲ್ಕಂಡ ಕಾರಣಗಳಿಂದ, ಕನ್ಸೋಲ್‌ನಲ್ಲಿ ಒಂದೂಮುಕ್ಕಾಲು ಜಿಬಿ ಜಾಗವನ್ನು ಮುನಿಯಕ್ಕನ ಲಾರಿಗೆ ಮಂಜೂರು ಮಾಡಿ, ಆಕೆಯ ಖಾತೆಯನ್ನು ಉಳಿಸಿ, ಊಟದ ಬಿಡುವಿನಲ್ಲಿ ದಿನಕ್ಕೆ ಹದಿನೈದು ನಿಮಿಷ, ಅರವತ್ತನೇ ದಾರಿ ಮುಗಿಯುವವರೆಗೆ, ಆಡಲು ಬಿಡಬೇಕೆಂದು ಕೋರಿದೆ. ಅರ್ಜಿದಾರನ ನಾಲ್ಕು ತಪ್ಪುಗಳಿಗೆ ಅರ್ಜಿದಾರನ ಮೇಲೆ ಮಾತ್ರ ಕ್ರಮ ಜರುಗಿಸಬೇಕೆಂದೂ ಕೋರಿದೆ.

ಈ ಅರ್ಜಿ ತಲುಪುವವರೆಗಾದರೂ ತಮ್ಮ ವಿಶ್ವಾಸಿ,
(ಸಹಿ)
ವೇಣು ಪಿ.

ಲಗತ್ತುಗಳು:
1. ಅಂಕಪಟ್ಟಿಯ ಫೋಟೊ, ಮೊದಲ ಹೆಸರು ಕಾಣುವಂತೆ.
2. ಕನ್ಸೋಲ್‌ನ ಜಾಗದ ವಿವರ, ಅಳಿಸುವ ಮುಂಚಿನದು ಮತ್ತು ನಂತರದ್ದು.
3. ಚಾಲನಾ ಪರೀಕ್ಷೆಯ ಪುಸ್ತಕ, ಹದಿನೈದು ತಿಂಗಳದ್ದು.
4. ಮುನಿಯಕ್ಕನ ಒಪ್ಪಿಗೆ ಪತ್ರ. (ಹೆಬ್ಬೆಟ್ಟು ಅಲ್ಲ, ಸಹಿ.)

ವಿಶೇಷ ಸೂಚನೆ: ಖಾತೆಯನ್ನು ಅಳಿಸಲೇಬೇಕೆಂದು ಸಮಿತಿ ತೀರ್ಮಾನಿಸಿದಲ್ಲಿ, ಅರ್ಜಿದಾರನು ಆ ಗುಂಡಿಯನ್ನು ಒತ್ತುವುದಿಲ್ಲ. ಹೀಗೆ ಬರೆಯಬಹುದೋ ಬಾರದೋ ಎಂದು ಬಹಳ ಯೋಚಿಸಿದನು, ಕರಿಬಸವಯ್ಯ ಮೇಷ್ಟ್ರ ಟಿಪ್ಪಣಿಯಲ್ಲಿ ಇದಕ್ಕೆ ಮಾದರಿ ಸಿಗಲಿಲ್ಲ. ಆದಕಾರಣ ಒತ್ತುವ ಕೆಲಸಕ್ಕೆ ಸಮಿತಿಯ ಸದಸ್ಯರೊಬ್ಬರನ್ನು ನಿಯೋಜಿಸಬೇಕು. ಕಷ್ಟವೇನಿಲ್ಲ, ಬಲಗಡೆಯ ನಾಲ್ಕು ಗುಂಡಿಗಳಲ್ಲಿ ಕೆಳಗಿನದು. ಸದಸ್ಯರು ಗುರುವಾರ ಮಧ್ಯಾಹ್ನ ಎರಡು ಗಂಟೆಗೆ ಬಂದರೆ ಅನುಕೂಲ. ಆ ಹೊತ್ತಿಗೆ ಮುನಿಯಕ್ಕ ಕೋಣೆ ಒರೆಸುತ್ತಿರುತ್ತಾರೆ, ಕುರ್ಚಿ ಹಾಕಿಕೊಡುತ್ತಾರೆ. ದಯವಿಟ್ಟು ಚಪ್ಪಲಿ ಹೊರಗೆ ಬಿಟ್ಟು ಬರಬೇಕು, ನೆಲ ಒದ್ದೆ ಇರುತ್ತದೆ.